ಪೊಟ್ಟಣದ ಕಾಗದದಲ್ಲಿ ವ್ಯಾಕರಣ ಹುಡುಕಿದವರು

ನಾನು ಓದು ಬಿಟ್ಟದ್ದು ಸಾವಿರದ ಒಂಬೈನೂರ ಐವತ್ತೊಂದನೇ ಇಸವಿಯಲ್ಲಿ. ದಂಡಿಗನಹಳ್ಳಿಯಲ್ಲಿ ಮಿಡ್ಲ್ ಸ್ಕೂಲು ಮುಗಿದಿತ್ತು. ಹೈಸ್ಕೂಲಿಗೆ ಚನ್ನರಾಯಪಟ್ಟಣಕ್ಕೆ ಹೋಗಬೇಕು, ಅಲ್ಲಿ ಉಳಿಯಲು ಯಾರದಾದರೂ ಮನೆ ಬೇಕು. ಅದೇ ವರ್ಷ ನಮ್ಮಣ್ಣ ಗಾಡಿಯಿಂದ ಬಿದ್ದು ಸೊಂಟ ಮುರಿದುಕೊಂಡ. ಮನೆಯಲ್ಲಿ ದುಡಿಯುವ ಕೈ ಕಡಿಮೆಯಾಯಿತು. ಸೋದರಮಾವ ಬಂದು ನನ್ನನ್ನು ಹೊಳೆನರಸೀಪುರದ ತೆಂಗಿನಕಾಯಿ ಮಂಡಿಗೆ ಸೇರಿಸಿದ. ಅಲ್ಲಿ ಕಾಯಿ ಎಣಿಸಿದೆ, ಮೂಟೆ ಹೊತ್ತೆ, ಲಾರಿಯ ಮೇಲೆ ಮಲಗಿ ಊರೂರು ತಿರುಗಿದೆ. ಮದುವೆಯಾದ ವರ್ಷ ಚನ್ನರಾಯಪಟ್ಟಣದಲ್ಲಿ, ಬಸ್ಸು ನಿಲ್ಲುವ ಬೀದಿಯಲ್ಲೇ, ನನ್ನದೇ ದಿನಸಿ ಅಂಗಡಿ ತೆರೆದೆ. ಯಾರ ಸಾಲದ ಋಣವೂ ಇಲ್ಲದೆ ತೆರೆದೆ ಎಂದು ಹೇಳಿಕೊಳ್ಳಲು ನನಗೆ ಸಂಕೋಚವಿಲ್ಲ.

ಓದಿದವರು ಅಂಗಡಿಗೆ ಬಂದರೆ ಎರಡನೇ ಮಾತಿಗೇ ‘ಎಷ್ಟನೇ ಕ್ಲಾಸಿನವರೆಗೆ ಓದಿದ್ದೀರಿ’ ಎಂದು ಕೇಳುತ್ತಿದ್ದರು. ಯಾಕೆ ಕೇಳುತ್ತಿದ್ದರೋ! ಬೇಳೆ ತೂಗುವುದಕ್ಕೆ ಬೇಕಾದಷ್ಟು ಓದಿದ್ದೇನೆ ಎನ್ನುತ್ತಿದ್ದೆ. ಆ ಪ್ರಶ್ನೆಯನ್ನು ಕೊನೆಯವರೆಗೂ ಕೇಳದ ಒಬ್ಬರಿದ್ದರು. ಹೋದ ತಿಂಗಳು ಅವರು ತೀರಿಕೊಂಡರೆಂದು ಅವರ ಭಾವ ಅಂಗಡಿಗೇ ಬಂದು ಹೇಳಿ ಹೋದರು. ಅವರ ಹೆಸರನ್ನು ಇಲ್ಲಿ ಬರೆಯುವುದಿಲ್ಲ. ಪತ್ರಿಕೆಯಲ್ಲಿ ಹೆಸರು ಬರುವುದು ಅವರಿಗೆ ಇಷ್ಟವಿರಲಿಲ್ಲ, ಸತ್ತರೆಂದು ಆ ಮಾತು ಮೀರುವುದು ಸರಿಯಲ್ಲ.

ನಾನು ಅವರನ್ನು ಮೊದಲು ನೋಡಿದ್ದು ಅರವತ್ತಾರರಲ್ಲೋ ಅರವತ್ತೇಳರಲ್ಲೋ. ಸಂಜೆ, ಇನ್ನೂ ಚೆನ್ನಾಗಿ ಬೆಳಕಿತ್ತು. ತೆಳ್ಳಗೆ ಬಿಳಿಚಿಕೊಂಡ ಒಬ್ಬರು ಬಂದು ಸಕ್ಕರೆ ತೆಗೆದುಕೊಂಡು ಹೋದರು. ಎರಡು ಅಂಗಡಿ ದಾಟಿರಲಿಲ್ಲ, ಹಿಂತಿರುಗಿದರು. ತೂಕ ಕಡಿಮೆ ಎನ್ನುತ್ತಾರೆಂದು ನಾನು ಸೆಟೆದು ನಿಂತೆ. ಅವರು ಹೆಗಲ ಮೇಲಿನ ಟವಲನ್ನು ಕಟ್ಟೆಯ ಮೇಲೆ ಹಾಸಿ ಸಕ್ಕರೆಯನ್ನೆಲ್ಲ ಅದಕ್ಕೆ ಸುರಿದರು. ಖಾಲಿಯಾದ ಕಾಗದದ ಚೀಲದ ಅಂಟನ್ನು ಉಗುರಿನಿಂದ ನಿಧಾನವಾಗಿ ಬಿಡಿಸಿ, ಹಾಳೆಯನ್ನು ಅಗಲವಾಗಿ ಹರಡಿ, ಬೆಳಕಿಗೆ ಹಿಡಿದರು.

“ಇದು ಎಲ್ಲಿಂದ ಬಂತು ಗೌಡ್ರೇ?”

“ಮಂಡ್ಯದ್ದು ಸಾರ್. ಒಳ್ಳೇ ಸಕ್ಕರೆ.”

“ಸಕ್ಕರೆ ಅಲ್ಲ. ಕಾಗದ.”

“ರದ್ದಿ ಸಾರ್. ಹಾಸನದಿಂದ ಮೂಟೆ ತರ್ತೀನಿ. ಅವರಿಗೆ ಬೆಂಗಳೂರಿಂದ ಬರ್ತದೆ.”

“ಇಂಥದ್ದು ಇನ್ನೂ ಇದೆಯಾ?”

ಇತ್ತು. ಚೀಲ ಮಾಡಿ ಪೋಣಿಸಿ ತೂಗುಹಾಕಿದ್ದ ಗೊಂಚಲನ್ನು ತೋರಿಸಿದೆ. ಅವರು ಒಂದೊಂದನ್ನೇ ಊದಿ ಒಳಗೆ ಇಣುಕಿ ನೋಡತೊಡಗಿದರು. ಬಾಗಿಲಲ್ಲಿ ನಿಂತಿದ್ದ ಗಿರಾಕಿಯೊಬ್ಬ, “ಏನ್ ಸಾ, ಒಳೀಕೆ ಇಲಿ ಗಿಲಿ ಸೇರ್ಕಂಡಿದ್ದಾವಾ?” ಅಂದ. ಅವರು ತಲೆ ಎತ್ತದೆ, “ಇಲ್ಲಪ್ಪ, ನಾನು ಹುಡುಕ್ತಿರೋದು ಇಲಿಗಿಂತ ಚಿಕ್ಕದು” ಅಂದರು.

ಅವರು ಬೆಂಗಳೂರಿನಲ್ಲಿ, ಲೆಕ್ಕ ಮಾಡುವ ಯಂತ್ರ ಕಟ್ಟುತ್ತಿದ್ದ ಒಂದು ಸಂಸ್ಥೆಯಲ್ಲಿದ್ದರು. ಎದೆಯ ಕಾಯಿಲೆಯಾಗಿ ಆಸ್ಪತ್ರೆಯಲ್ಲಿ ಮಲಗಿ ಎದ್ದಿದ್ದರು. ಕಾಯಿಲೆ ವಾಸಿಯಾಗಿದೆ, ಆದರೆ ಮಳೆಗಾಲ ಮುಗಿಯುವವರೆಗೆ ಬೆಂಗಳೂರಿಗೆ ಬರಕೂಡದು, ದೂರದ ಪ್ರಯಾಣ ಮಾಡಕೂಡದು ಎಂದು ಡಾಕ್ಟರು ಹೇಳಿ ಕಳಿಸಿದ್ದರು. ಹಾಗಾಗಿ ನಮ್ಮ ಊರಿನಲ್ಲಿ ಅಕ್ಕನ ಮನೆಯಲ್ಲಿದ್ದರು. ಜೈನರು. ಭಾವ ಶ್ರವಣಬೆಳಗೊಳದಲ್ಲಿ ಪಾತ್ರೆ ಅಂಗಡಿ ಇಟ್ಟಿದ್ದರು. ಕತ್ತಲಾಗುವುದರೊಳಗೆ ಊಟ ಮಾಡಬೇಕಾದ್ದರಿಂದ ಅವರು ಯಾವಾಗಲೂ ಬೆಳಕಿರುವಾಗಲೇ ಬಂದು ಹೋಗುತ್ತಿದ್ದರು. ಕೈಚೀಲದಲ್ಲಿ ಒಂದು ಲೋಟ ಇಟ್ಟುಕೊಂಡಿರುತ್ತಿದ್ದರು. ನಮ್ಮ ಬೀದಿಯವರು ಅದನ್ನು ಮಡಿ ಎಂದುಕೊಂಡಿದ್ದರು. ಒಂದು ದಿನ ನಾನು ಮಜ್ಜಿಗೆ ಕೊಡಲು ಹೋದಾಗ ತಮ್ಮ ಲೋಟ ಮುಂದೆ ಹಿಡಿದು, “ಮಡಿ ಅಲ್ಲ ಗೌಡ್ರೇ. ವಾಸಿಯಾಗಿದೆ ಅಂತ ಡಾಕ್ಟರು ಹೇಳಿದ್ದಾರೆ, ನಿಮ್ಮ ಗಿರಾಕಿಗಳಿಗೆ ಹೇಳಿಲ್ಲವಲ್ಲ” ಅಂದರು. ಅವರ ಕಾಯಿಲೆಯ ಸುದ್ದಿ ತಿಳಿದು ಇಬ್ಬರು ಮೂವರು ಗಿರಾಕಿಗಳು ಎದುರಂಗಡಿಗೆ ಹೋದದ್ದು ನಿಜ. ಹೋಗಲಿ ಎಂದು ಬಿಟ್ಟೆ. ನನ್ನ ಅಂಗಡಿಯ ಬೆಂಚಿನ ಮೇಲೆ ಯಾರು ಕೂರಬೇಕು ಎನ್ನುವುದನ್ನು ನಾನು ತೀರ್ಮಾನಿಸುತ್ತೇನೆ.

ಅವರ ಕೆಲಸವೇನೆಂದು ನನಗೆ ತಿಳಿಸಲು ಅವರು ಪಟ್ಟ ಶ್ರಮವನ್ನು ನೆನೆಯಬೇಕು. ಅವರ ಸಂಸ್ಥೆಯವರು ಕಟ್ಟಿದ ಯಂತ್ರಕ್ಕೆ ಬರೀ ಅಂಕಿಗಳಲ್ಲಿ ಅಪ್ಪಣೆ ಕೊಡಬೇಕಿತ್ತು. ಬೆಂಗಳೂರಿನಲ್ಲೇ ಇನ್ನೊಂದು ಕಚೇರಿಯವರು ಹೊರದೇಶದ ಯಂತ್ರವನ್ನು ಬಾಡಿಗೆಗೆ ತಂದಿದ್ದರು. ಅದಕ್ಕೆ ಫೋರ್ಟ್ರಾನ್ ಎನ್ನುವ ಭಾಷೆಯಲ್ಲಿ, ಅರ್ಧ ಇಂಗ್ಲಿಷು ಅರ್ಧ ಲೆಕ್ಕದಂತೆ ಬರೆದರೆ ಸಾಕು, ಅದೇ ಅಂಕಿಗೆ ತಿರುಗಿಸಿಕೊಳ್ಳುತ್ತಿತ್ತು. ಆ ಭಾಷೆಯನ್ನು ನಮ್ಮ ಯಂತ್ರವೂ ಓದುವಂತೆ ಮಾಡಬೇಕು, ಅದಕ್ಕೆ ಹಾಗೆ ಅಂಕಿಗೆ ತಿರುಗಿಸಿಕೊಡುವ ಕಂಪೈಲರ್ ಎನ್ನುವುದನ್ನು ಬರೆಯಬೇಕು ಎಂದು ಇವರ ಮೇಲಿನವರು ಇವರಿಗೆ ವಹಿಸಿದ್ದರು. ಕಂಪೈಲರ್ ಮೊದಲು ಮಾಡಬೇಕಾದ ಕೆಲಸ ಸಾಲನ್ನು ಬಿಡಿಸಿ ಓದುವುದು. ಬಿಡಿಸಿ ಓದಬೇಕಾದರೆ ಆ ಭಾಷೆಯ ವ್ಯಾಕರಣ ಬೇಕು. ಇವರ ಹತ್ತಿರ ಅದು ಇರಲಿಲ್ಲ. ಆ ಇನ್ನೊಂದು ಕಚೇರಿಯಲ್ಲಿ ಕೈಪಿಡಿ ಒಂದೇ ಪ್ರತಿ ಇತ್ತಂತೆ. ಹೊರಗೆ ಕೊಡುವುದಿಲ್ಲ, ಅಪ್ಪಣೆ ಪಡೆದು ಇಲ್ಲೇ ಬಂದು ಕೂತು ಓದಿ ಎಂದು ಉತ್ತರ ಬರೆದರು. ಬರಕೂಡದು ಎಂದು ಡಾಕ್ಟರು. ರಜೆ ಮುಗಿಯುವುದರೊಳಗೆ ನಿಯಮಗಳು ಸಿದ್ಧವಾಗದಿದ್ದರೆ ಕೆಲಸವನ್ನು ಬೇರೆಯವರಿಗೆ ಕೊಡಬೇಕಾಗುತ್ತದೆ, ಕಾಯಿಲೆಯವರಿಗೆ ಹಗುರವಾದದ್ದು ಬೇರೆ ಏನಾದರೂ ಕೊಡೋಣ ಎಂದು ಮೇಲಿನವರು ಕಾಗದ ಬರೆದಿದ್ದರು.

“ಹಗುರವಾದದ್ದು ಅಂದ್ರೆ ಏನು ಸಾರ್?”

“ಸ್ಟೋರಿನಲ್ಲಿ ಕೂತು ಸ್ಕ್ರೂ ಎಣಿಸೋದು.”

“ನಾನು ತೆಂಗಿನಕಾಯಿ ಎಣಿಸಿದವನು. ಅದೂ ಹಗುರ ಅಲ್ಲ ಬಿಡಿ.”

ಆಗ ಅವರು ನಕ್ಕದ್ದು ನೆನಪಿದೆ. ನಕ್ಕರೆ ಕೆಮ್ಮು ಬರುತ್ತಿತ್ತು, ಅದಕ್ಕೆ ಎದೆಯ ಮೇಲೆ ಅಂಗೈ ಒತ್ತಿ ಹಿಡಿದು ನಗುತ್ತಿದ್ದರು.

ನನ್ನ ಅಂಗಡಿಯ ರದ್ದಿಯಲ್ಲಿ ಬಂದದ್ದು ಆ ಇನ್ನೊಂದು ಕಚೇರಿಯ ಹಾಳೆಗಳೇ. ಯಂತ್ರವೇ ಅಚ್ಚು ಹಾಕಿದ ದೊಡ್ಡ ದೊಡ್ಡ ಹಾಳೆ, ಗಟ್ಟಿ ಕಾಗದ. ಕೈಪಿಡಿಯನ್ನು ಬೀರುವಿನಲ್ಲಿಟ್ಟು ಬೀಗ ಹಾಕಿದವರು ಆ ಭಾಷೆಯಲ್ಲಿ ಬರೆದದ್ದನ್ನೆಲ್ಲ ಮೂಟೆ ಕಟ್ಟಿ ಮಾರಿಬಿಟ್ಟಿದ್ದರು. “ವ್ಯಾಕರಣ ಓದಿ ಯಾವ ಮಗು ಮಾತು ಕಲಿತದೆ ಗೌಡ್ರೇ? ಆಡುವವರ ಮಾತು ಕೇಳಿ ಕೇಳಿ ಕಲೀತದೆ. ನನಗೆ ಈಗ ಮಾತು ಕೇಳಿಸೋದು ನಿಮ್ಮ ಅಂಗಡೀಲಿ ಮಾತ್ರ” ಎಂದರು. ಅಂದಿನಿಂದ ಅಂಥ ಅಚ್ಚಿನ ಚೀಲ ಕಂಡರೆ ಅವರಿಗೆ ತೆಗೆದಿಡತೊಡಗಿದೆ.

ಅವರು ಕೆಲಸ ಮಾಡುವ ಕ್ರಮವೇ ಬೇರೆ. ಚೀಲ ಬಿಡಿಸಿ, ಮಡಿಕೆಯನ್ನು ಹೆಬ್ಬೆರಳ ಉಗುರಿನಿಂದ ಉಜ್ಜಿ ಸಮ ಮಾಡಿ, ಮೊದಲು ಮೂಸುತ್ತಿದ್ದರು. ಬೆಲ್ಲದ ವಾಸನೆ ಬಂದರೆ ಬಿಸಿಲಿಗೆ. ಇಲ್ಲದಿದ್ದರೆ ಇರುವೆ ಬಂದು ಮನೆಯಲ್ಲಿ ಅಕ್ಕನ ಬೈಗುಳ. ಸಾಲುಗಳನ್ನು ತುಟಿ ಅಲ್ಲಾಡಿಸದೆ ಓದಿ, ಹೊಸದೇನಾದರೂ ಕಂಡರೆ ಒಂದೇ ಒಂದು ಚಪ್ಪಾಳೆ ತಟ್ಟುತ್ತಿದ್ದರು. ಗಿರಾಕಿಗಳು ಬೆಚ್ಚುತ್ತಿದ್ದರು. ಹಳೆಯ ಕ್ಯಾಲೆಂಡರಿನ ಹಾಳೆಗಳ ಬೆನ್ನಿಗೆ ನಿಯಮ ಬರೆದು ಅಕ್ಕನ ಮನೆಯ ನಡುಮನೆಯ ಗೋಡೆಗೆ ಹಚ್ಚಿದ್ದರು. ಒಂದೇ ಕಾಗದದಲ್ಲಿ ಕಂಡದ್ದನ್ನು ಪೆನ್ಸಿಲಿನಲ್ಲಿ ಬರೆಯುವುದು, ಇನ್ನೊಬ್ಬರು ಬರೆದ ಬೇರೊಂದು ಕಾಗದದಲ್ಲೂ ಕಂಡರೆ ಆಮೇಲೆ ಶಾಯಿಯಲ್ಲಿ. “ಒಬ್ಬ ಮಾಡಿದ್ದು ಅಭ್ಯಾಸ ಇರಬಹುದು, ಇಬ್ಬರು ಮಾಡಿದರೆ ನಿಯಮ” ಎನ್ನುತ್ತಿದ್ದರು. ನಾನು ನನ್ನ ವ್ಯಾಪಾರದಲ್ಲೂ ಅದನ್ನು ಪಾಲಿಸಿದ್ದೇನೆ. ಒಬ್ಬ ಹುಣಸೆಹಣ್ಣು ಸರಿಯಿಲ್ಲ ಎಂದರೆ ಸುಮ್ಮನಿರುತ್ತೇನೆ, ಎರಡನೆಯವನು ಹೇಳಿದರೆ ಮೂಟೆ ಬದಲಾಯಿಸುತ್ತೇನೆ.

ಒಂದು ಮಧ್ಯಾಹ್ನ ಗಿರಾಕಿ ಇಲ್ಲದ ಹೊತ್ತು, ನಿಯಮ ಅಂದರೆ ಹೇಗಿರುತ್ತದೆ ಎಂದು ಕೇಳಿದೆ.

“ನಿಮ್ಮ ಅಂಗಡಿಗೆ ಜನ ಏನು ಕೇಳ್ತಾರೆ?”

“ಸಾಮಾನು ಕೇಳ್ತಾರೆ.”

“ಸಾಮಾನು ಅಂದ್ರೆ?”

“ಅರ್ಧ ಕೆ.ಜಿ. ತೊಗರಿಬೇಳೆ, ಕಾಲು ಕೆ.ಜಿ. ಬೆಲ್ಲ, ಇಂಗು, ಹಿಂಗೆ.”

“ಎಷ್ಟು ಪದಾರ್ಥದವರೆಗೆ ಕೇಳಬಹುದು?”

“ಎಷ್ಟಾದರೂ ಕೇಳಬಹುದು ಸಾರ್, ನಾನೇನು ಬೇಡ ಅಂತೀನಾ?”

“ಹಾಗಾದರೆ ನಿಯಮ ಹೀಗೆ. ಸಾಮಾನು ಅಂದರೆ ಒಂದು ಪದಾರ್ಥ. ಇಲ್ಲದಿದ್ದರೆ, ಒಂದು ಪದಾರ್ಥ ಮತ್ತು ಅದರ ಹಿಂದೆ ಸಾಮಾನು.”

“ಸಾಮಾನು ಅಂದ್ರೆ ಏನು ಅಂತ ಕೇಳಿದ್ರೆ ಸಾಮಾನು ಅಂತೀರಲ್ಲ ಸಾರ್. ಇದು ನಮ್ಮೂರ ಪಟೇಲನ ನ್ಯಾಯ ಆಯ್ತು.”

“ಅಲ್ಲ. ಕೊನೆಗೊಂದು ಸಲ ಬರೀ ಒಂದು ಪದಾರ್ಥ ಬರ್ತದಲ್ಲ, ಅಲ್ಲಿಗೆ ನಿಲ್ತದೆ. ನಿಮ್ಮ ಗಿರಾಕಿ ‘ಅಷ್ಟೇ’ ಅನ್ನೋದಿಲ್ಲವಾ, ಹಾಗೆ. ಇಷ್ಟೇ ಎರಡು ಸಾಲಿನಲ್ಲಿ ನಿಮ್ಮ ಅಂಗಡಿಗೆ ಇನ್ನು ನೂರು ವರ್ಷ ಬರುವ ಗಿರಾಕಿಗಳನ್ನೆಲ್ಲ ಹಿಡಿದಾಯಿತು.”

ಸಾಲದವರನ್ನೂ ಹಿಡಿಯುವ ನಿಯಮ ಇದ್ದರೆ ಹೇಳಿ ಎಂದೆ. ಮತ್ತೆ ಎದೆ ಹಿಡಿದು ನಕ್ಕರು.

ನನ್ನ ಅಂಗಡಿಯ ಚೀಲಗಳು ಮುಗಿದ ಮೇಲೆ ಬೇರೆ ಊರಿಗೆ ಹೋದದ್ದನ್ನು ಹುಡುಕಬೇಕಾಯಿತು. ಆಗ ನಾನು ಚೀಲ ಮಾಡಿಸಿ ಹೊಳೆನರಸೀಪುರ, ಅರಕಲಗೂಡಿನ ಒಂದೆರಡು ಅಂಗಡಿಗಳಿಗೂ ಕಳಿಸುತ್ತಿದ್ದೆ. ನಾನು ಹೊರಟಾಗ ಅವರೂ ಬರುತ್ತೇನೆ ಅಂದರು. ಡಾಕ್ಟರು ದೂರದ ಪ್ರಯಾಣ ಬೇಡ ಎಂದಿದ್ದಾರೆ, ಅರಕಲಗೂಡು ದೂರವಲ್ಲ ಎಂದು ಅವರ ವಾದ. ಹೊಳೆನರಸೀಪುರದಲ್ಲಿ ನನ್ನ ಹಳೆಯ ಮಂಡಿಯವರು ಕಾಫಿ ಕೊಟ್ಟು, ಇದ್ದ ಚೀಲಗಳನ್ನೆಲ್ಲ ಕೊಟ್ಟರು. ಅರಕಲಗೂಡಿನ ಅಂಗಡಿಯವನು ಮಾತ್ರ ನಮ್ಮಿಬ್ಬರನ್ನೂ ಮೇಲಿಂದ ಕೆಳಗೆ ನೋಡಿದ.

“ಮಾರಿದ ಚೀಲ ವಾಪಸ್ ಕೇಳ್ತಿದ್ದೀಯಲ್ಲ ಗೌಡ, ಏನ್ಲಾ ಇತ್ತು ಅದ್ರಾಗೆ? ನಿಧಿಗಿಧಿ ನಕ್ಸೆನಾ?”

“ಏನೂ ಇಲ್ಲ ಕಣಣ್ಣ. ಇವರಿಗೆ ಅದರ ಮೇಲಿನ ಬರಹ ಬೇಕು.”

“ಬರಾವ? ನಮ್ಮ ಹುಡುಗ್ರು ಪುಸ್ತಕದಾಗಿರೋದೇ ಓದಾಕಿಲ್ಲ, ಇವ್ರು ಪೊಟ್ಣದಾಗೆ ಬರ್ದಿದ್ದ ಓದ್ತಾರಾ! ತಕ್ಕೊಂಡೋಗ್ರಪ್ಪ. ಅತ್ಲಾಗೆ ಖಾರದ ಪುಡಿ ಕಟ್ಟಿದ್ ನಾಕೈದವೆ, ಅವ್ನೂ ತಕ್ಕೊಳಿ. ಓದೋವಾಗ ಕಣ್ಣುಜ್ಕೋಬ್ಯಾಡಿ.”

ಆ ಖಾರದ ಪುಡಿಯ ಚೀಲದಲ್ಲೇ ಅವರು ತುಂಬ ದಿನದಿಂದ ಹುಡುಕುತ್ತಿದ್ದ ಒಂದು ನಿಯಮ ಸಿಕ್ಕಿತು. ಬಸ್ಸಿನಲ್ಲಿ ಕೂತು ಚಪ್ಪಾಳೆ ತಟ್ಟಿದರು. ಚಪ್ಪಾಳೆ ಕೇಳಿ ಡ್ರೈವರು ಬಸ್ಸು ನಿಲ್ಲಿಸಿದ. ಆಮೇಲೆ ಶಾಂತಿಗ್ರಾಮದವರೆಗೂ ಸೀನುತ್ತ ಬಂದರು. ಅಂದು ಸಂಜೆ ಅವರ ಅಕ್ಕ ನನ್ನನ್ನು ಬಾಗಿಲಲ್ಲೇ ನಿಲ್ಲಿಸಿ, “ಎದೆ ಸರಿಯಿಲ್ಲ, ಸುಮ್ಮನೆ ಮಲಗಿರಲಿ ಅಂತ ಕರಕೊಂಡು ಬಂದಿದ್ದೀವಿ. ನೀವು ರದ್ದಿ ಕೊಟ್ಟು ಧೂಳು ಕುಡಿಸ್ತೀರಿ, ಈಗ ಖಾರದ ಪುಡಿ ಬೇರೆ. ನಿಮಗೆ ತಮ್ಮಂದಿರಿಲ್ಲವಾ ಗೌಡ್ರೇ?” ಎಂದು ಕೇಳಿದರು. ಅವರು ಹೇಳಿದ್ದರಲ್ಲಿ ತಪ್ಪೇನಿರಲಿಲ್ಲ.

ಗೋಡೆಯ ತುಂಬ ನಿಯಮಗಳಾದವು. ಶ್ರಾವಣ ಬರುವ ಹೊತ್ತಿಗೆ ಮುಕ್ಕಾಲು ಪಾಲು ಶಾಯಿಯಲ್ಲೇ ಇದ್ದವು. ಆಗ ಒಂದು ಕಡೆ ಸಿಕ್ಕಿಬಿದ್ದರು. ಲೆಕ್ಕದ ಸಾಲುಗಳ ನಡುವೆ ಎಲ್ಲೆಲ್ಲೋ ಒಂದೊಂದು ಪೂರಾ ಇಂಗ್ಲಿಷ್ ಮಾತು ಬರುತ್ತಿತ್ತು. ಒಂದರಲ್ಲಿ, ಈಗ ಎಲ್ಲಕ್ಕಿಂತ ದೊಡ್ಡದನ್ನು ಹುಡುಕು ಎಂದಿತ್ತು. ಇನ್ನೊಂದರಲ್ಲಿ, ದೇವರ ದಯೆಯಿಂದ ಇಲ್ಲಿಯವರೆಗೆ ಸರಿಯಿದೆ ಎಂದಿತ್ತು. ಅವರು ಅದನ್ನು ನನಗೆ ಓದಿ ಹೇಳಿದರು.

“ಯಂತ್ರಕ್ಕೂ ದೇವರು ಬೇಕಲ್ಲ ಸಾರ್” ಎಂದೆ.

ಆ ದಿನ ನಗಲಿಲ್ಲ. “ಇದು ಬರೆದವನು ತನಗೇ ಹಾಕಿಕೊಂಡ ಗುರುತು. ನನಗೆ ಗೊತ್ತಾಗ್ತದೆ, ನಿಮಗೂ ಗೊತ್ತಾಗ್ತದೆ. ಯಂತ್ರಕ್ಕೆ ಹೇಗೆ ಗೊತ್ತಾಗಬೇಕು, ಈ ಸಾಲು ನನಗಲ್ಲ ಅಂತ? ಏನೋ ಒಂದು ಗುರುತು ಇರಲೇಬೇಕು. ಮುಂದೆ ಇಲ್ಲ, ಹಿಂದೆ ಇಲ್ಲ, ನಡುವೆ ಇಲ್ಲ” ಎಂದರು. ಇಪ್ಪತ್ತಕ್ಕೆ ಹೋಗು ಎನ್ನುವಂಥ ಅಪ್ಪಣೆಗಳೂ ಇದ್ದವು. ಇಪ್ಪತ್ತು ಎನ್ನುವುದು ಎಲ್ಲೂ ಕಾಣಿಸುತ್ತಿರಲಿಲ್ಲ. ಇಪ್ಪತ್ತನೇ ಸಾಲು ಎಂದಿರಬೇಕು ಎಂದು ಪೆನ್ಸಿಲಿನಲ್ಲಿ ಬರೆದಿದ್ದರು. ನಮಗೆ ಸಿಗುತ್ತಿದ್ದದ್ದೆಲ್ಲ ಕತ್ತರಿಸಿದ ತುಂಡು. ಯಾವುದು ಮೊದಲ ಸಾಲು, ಯಾವುದು ಇಪ್ಪತ್ತನೆಯದು ಎಂದು ಎಣಿಸಿ ನೋಡುವ ಹಾಗಿರಲಿಲ್ಲ.

ಆ ವಾರಗಳಲ್ಲಿ ಅವರು ಅಂಗಡಿಗೆ ಬಂದರೂ ಕಾಗದದ ಮೇಲಿಂದ ತಲೆ ಎತ್ತುತ್ತಿರಲಿಲ್ಲ. ಆ ಇಂಗ್ಲಿಷ್ ಸಾಲುಗಳನ್ನು ಗುರುತಿಸಲು ಏನೇನೋ ನಿಯಮ ಕಟ್ಟಿದರು. ಬರಾಬರಿ ಚಿಹ್ನೆ ಇಲ್ಲದಿದ್ದರೆ ಬಿಟ್ಟುಬಿಡು ಎಂದು ಒಂದು. ಮಾರನೆಯ ದಿನವೇ ಬರಾಬರಿ ಚಿಹ್ನೆ ಇರುವ ಒಂದು ಮಾತು ಸಿಕ್ಕಿ ಅದು ಬಿತ್ತು. ರಜೆ ಮುಗಿಯುತ್ತ ಬಂದಿತ್ತು. ಮೇಲಿನವರಿಂದ ಇನ್ನೊಂದು ಕಾಗದ ಬಂತು. ಅದನ್ನು ನನಗೆ ತೋರಿಸಲಿಲ್ಲ, ಮಡಿಸಿ ಜೇಬಿನಲ್ಲಿಟ್ಟುಕೊಂಡು, “ಸ್ಕ್ರೂ ಎಣಿಸೋಕೆ ಒಬ್ಬರು ಬೇಕೇಬೇಕಲ್ಲ” ಎಂದರು. ಅವರ ಬಾಯಲ್ಲಿ ಅಂಥ ಮಾತು ಬಂದದ್ದು ಅದೊಂದೇ ಸಲ.

ಚೀಲ ಅಂಟಿಸುತ್ತಿದ್ದವಳು ಸಾಕಮ್ಮ ಎಂಬ ವಿಧವೆ, ನಮ್ಮ ಹಿಂದಿನ ಬೀದಿಯವಳು. ಮಡಿಸುವುದಕ್ಕೆ ಮುಂಚೆಯೇ ಹಾಳೆ ನೋಡಬೇಕು, ಅಂಟಿನ ಕೆಳಗೆ ಏನಾದರೂ ಮುಚ್ಚಿಹೋಗುತ್ತಿರಬಹುದು ಎಂದು ಅವರಿಗೆ ತೋಚಿ, ಒಂದು ಬೆಳಿಗ್ಗೆ ನನ್ನನ್ನು ಕರೆದುಕೊಂಡು ಅವಳ ಮನೆಗೆ ಹೋದರು. ಸಾಕಮ್ಮ ಹಿತ್ತಿಲಲ್ಲಿ ಕೂತು ಕುಡುಗೋಲಿನಿಂದ ಹಾಳೆ ಸೀಳುತ್ತಿದ್ದಳು. ನಮ್ಮ ಕಡೆ ದಿನಸಿಯವರು ಚೀಲ ಮಾಡಿಸುವ ಕ್ರಮ ಇದು: ಅಂಥ ಅಚ್ಚಿನ ಹಾಳೆಯ ಎರಡು ಅಂಚಿಗೂ ಸಾಲಾಗಿ ತೂತುಗಳಿರುತ್ತವೆ. ತೂತಿರುವ ಕಡೆ ಅಂಟು ನಿಲ್ಲುವುದಿಲ್ಲ, ಸಕ್ಕರೆ ಸೋರುತ್ತದೆ. ಆದ್ದರಿಂದ ಅಂಚನ್ನು ಧಾರಾಳವಾಗಿ ಸೀಳಿ ಹಾಕುವುದು. ಇದು ನನಗೂ ಗೊತ್ತು, ಅರಕಲಗೂಡಿನವನಿಗೂ ಗೊತ್ತು. ದಿನಾ ಮಾಡುವ ಕೆಲಸವನ್ನು ಯಾರೂ ಬಾಯಿಬಿಟ್ಟು ಹೇಳುವುದಿಲ್ಲ.

ಸೀಳಿದ ಅಂಚುಗಳ ಸಿವುಡು ಬಚ್ಚಲ ಒಲೆಯ ಪಕ್ಕದಲ್ಲಿತ್ತು. ಅವರು ಬಾಗಿ ಒಂದು ಪಟ್ಟಿ ಎತ್ತಿಕೊಂಡರು. ತೂತಿನ ಸಾಲಿನ ಪಕ್ಕದಲ್ಲಿ, ಮೇಲಿಂದ ಕೆಳಕ್ಕೆ ಅಲ್ಲೊಂದು ಇಲ್ಲೊಂದು ಸಿ ಅಕ್ಷರ. ನಡುನಡುವೆ ಹತ್ತು, ಇಪ್ಪತ್ತು, ಮೂವತ್ತು. ಇನ್ನೊಂದು ಪಟ್ಟಿ ಎತ್ತಿದರು. ಅದರಲ್ಲೂ ಹಾಗೆಯೇ.

“ಅಮ್ಮಾ, ಇವನ್ನೆಲ್ಲ ಏನು ಮಾಡ್ತೀರಿ?”

“ಏನ್ ಮಾಡಾದು ಸಾಮಿ, ನೀರ್ ಕಾಯ್ಸಾಕೆ ಒಲೆಗಾಕ್ತೀನಿ. ಬಿರ್‍ನೆ ಅತ್ಕೋತದೆ.”

“ಮೊದಲಿಂದಾನೂ ಹಾಕ್ತಿದ್ದೀರಾ?”

“ಊ ಕಣ್ ಸಾಮಿ. ಯಾಕೆ, ಬೇಕಾಗಿತ್ತಾ? ತೂತ್ ಬಿದ್ದಿರೋ ಕಾಗ್ಜ ಯಾರ್ ಮೂಸ್ತಾರೆ ಅಂದ್ಕಂಡೆ.”

ಅವರು ಬಚ್ಚಲ ಕಲ್ಲಿನ ಮೇಲೆ ಕೂತುಬಿಟ್ಟರು. ಎದೆಯ ಮೇಲೆ ಅಂಗೈ ಹೋಯಿತು. ನನಗೆ ಗಾಬರಿಯಾಯಿತು. ನೋಡಿದರೆ ನಗುತ್ತಿದ್ದಾರೆ. “ಗೌಡ್ರೇ, ಇಷ್ಟು ದಿನ ನಾನು ಓದಿದ್ದು ತಲೆ ಕಡಿದ ಸಾಲು. ಸಾಲಿನ ಮೊದಲನೇ ಜಾಗದಲ್ಲಿ ಸಿ ಇದ್ದರೆ ಅದು ಮನುಷ್ಯನ ಮಾತು, ಯಂತ್ರ ಅದನ್ನು ಬಿಟ್ಟು ಮುಂದೆ ಹೋಗ್ತದೆ. ಹೋಗು ಅಂದ ಇಪ್ಪತ್ತು ಇಲ್ಲೇ ಇದೆ ನೋಡಿ, ಸಾಲಿನ ತಲೇಲಿ. ವ್ಯಾಕರಣ ಎಲ್ಲಾ ಅಂಚಿನಲ್ಲಿತ್ತು. ಈಯಮ್ಮನ ಸ್ನಾನಕ್ಕೆ ಹೋಯ್ತು.”

“ನಂಗೇನ್ ಗೊತ್ತು ಸಾಮಿ” ಎಂದು ಸಾಕಮ್ಮ ಕುಡುಗೋಲು ಕೆಳಗಿಟ್ಟಳು.

“ತಪ್ಪು ನಿಮ್ಮದಲ್ಲಮ್ಮ. ಚೀಲ ಹೇಗೆ ಮಾಡ್ತಾರೆ ಅಂತ ಬಂದು ನೋಡಬೇಕಿತ್ತು. ನಾನು ಕಾಗದ ನೋಡಿದೆ, ಕೆಲಸ ನೋಡಲಿಲ್ಲ.”

ಆದರೆ ಊಹೆ ಸಾಲದು. ಯಾವ ಅಂಚು ಯಾವ ಸಾಲಿನದು ಎಂದು ಇಡೀ ಹಾಳೆಯಲ್ಲಿ ಕಾಣಬೇಕು. ಪೆನ್ಸಿಲು ಶಾಯಿಯಾಗಬೇಕು. ರಜೆ ಮುಗಿಯಲು ಹೆಚ್ಚು ದಿನ ಇರಲಿಲ್ಲ. ನಾನು ಮೊದಲ ಬಸ್ಸಿಗೆ ಹಾಸನಕ್ಕೆ ಹೋದೆ. ರದ್ದಿಯವನ ಗೋದಾಮಿನಲ್ಲಿ ಮೂಟೆಗಳನ್ನು ಬಿಚ್ಚಿಸಿ, ಅಂಥ ಹಾಳೆ ಇದ್ದವನ್ನೇ ಆರಿಸಿ, ಬಸ್ಸಿನ ಮೇಲೆ ಹಾಕಿಸಿಕೊಂಡು ಬಂದೆ. ಗೌರಿ ಹಬ್ಬದ ಎದುರು. ಆ ಮೂಟೆಗಳು ಆ ತಿಂಗಳ ಚೀಲಕ್ಕೆ ಆಗಬೇಕಾದವು. ಸೀಳಿದರೆ ಅವರಿಗೆ ಉಪಯೋಗವಿಲ್ಲ, ಸೀಳದಿದ್ದರೆ ನನಗೆ ಚೀಲ ಇಲ್ಲ. ಮೂಟೆಗಳನ್ನು ಅಂಗಡಿಯ ಹಿಂದಿನ ಕೋಣೆಯಲ್ಲಿಳಿಸಿ ಅವರಿಗೆ ಬಿಟ್ಟುಕೊಟ್ಟೆ. ಹಬ್ಬದ ಸಾಮಾನನ್ನು ಹಳೆಯ ಕಾಲದ ಹಾಗೆ ಮುತ್ತುಗದ ಎಲೆಯಲ್ಲಿ ಕಟ್ಟಿಕೊಟ್ಟೆ.

“ಏನ್ ಗೌಡ್ರೇ, ಅಂಗ್ಡಿ ಇಂದಿಂದುಕ್ಕೆ ನಡೀತಾ ಅದಲ್ಲ! ನಾಳೆ ಸೊಪ್ಪುಟ್ಕಂಡ್ ಕೂತ್ಕತೀರಾ?” ಎಂದು ಒಬ್ಬ.

“ಎಲೇಲೆ ಊಟಾನೂ ಬಡ್ಸಿಬುಡಿ, ಮನೆಗೋಗೋದ್ ಉಳೀತದೆ” ಎಂದು ಇನ್ನೊಬ್ಬ.

ಬೈದುಕೊಂಡೇ ತೆಗೆದುಕೊಂಡು ಹೋದರು. ಹೊಳೆನರಸೀಪುರದವರಿಗೆ, ಅರಕಲಗೂಡಿನವರಿಗೆ ಹಬ್ಬಕ್ಕೆ ಚೀಲ ಕಳಿಸಲಾಗಲಿಲ್ಲ. ಅರಕಲಗೂಡಿನವನು ಆಮೇಲೆ ನನ್ನ ಹತ್ತಿರ ಚೀಲ ತೆಗೆದುಕೊಳ್ಳುವುದನ್ನೇ ಬಿಟ್ಟ. ಆ ಕೋಣೆಯಲ್ಲಿ ಅವರು ನೆಲದ ತುಂಬ ಹಾಳೆ ಹರಡಿ ಮಂಡಿಯೂರಿ ಓಡಾಡುತ್ತಿದ್ದರು. ಸಿ ಇರುವ ಸಾಲು ಕಂಡರೆ ಕೂಗಿ ಹೇಳುವುದು ನನ್ನ ಕೆಲಸ. ಆ ಅಕ್ಷರ ಗುರುತಿಸುವಷ್ಟು ಇಂಗ್ಲಿಷು ನನಗೆ ಮಿಡ್ಲ್ ಸ್ಕೂಲಿನಲ್ಲೇ ಆಗಿತ್ತು. ಸಾಕಮ್ಮ ಚೀಲದ ಕೆಲಸವಿಲ್ಲದೆ ಸುಮ್ಮನೆ ಕೂರುವವಳಲ್ಲ. ಹಾಳೆಗಳನ್ನು ಬಿಡಿಸಿ ನೇರ ಮಾಡಿ ಕೊಡುತ್ತಿದ್ದಳು. ಅಕ್ಕನ ಮನೆಯ ಗೋಡೆಯಲ್ಲಿ ಪೆನ್ಸಿಲಿನಲ್ಲಿದ್ದದ್ದು ಒಂದೊಂದೇ ಶಾಯಿಯಾಯಿತು. ಕೆಲವಕ್ಕೆ ಅಡ್ಡಗೆರೆ ಬಿತ್ತು. ಬರಾಬರಿ ಚಿಹ್ನೆಯ ನಿಯಮವನ್ನು ಹರಿದು ಅವರೇ ಒಲೆಗೆ ಹಾಕಿದರು.

ಬೆಂಗಳೂರಿಗೆ ಹೊರಟ ದಿನ ಕ್ಯಾಲೆಂಡರಿನ ಹಾಳೆಗಳನ್ನು ಸುರುಳಿ ಸುತ್ತಿ, ಅಕ್ಕ ಕೊಟ್ಟ ಹಳೆಯ ಸೀರೆಯ ಅಂಚಿನಲ್ಲಿ ಕಟ್ಟಿ ಹಿಡಿದುಕೊಂಡು ಬಸ್ಸು ಹತ್ತಿದರು. ನಾನು ಬಸ್ಸಿನ ಕಿಟಕಿಯ ಹತ್ತಿರ ಹೋಗಿ, “ಸ್ಕ್ರೂ ಎಣಿಸಿ ಅಂದ್ರೆ ಇಲ್ಲಿಗೇ ಬಂದ್ಬಿಡಿ ಸಾರ್, ಬೇಳೆ ತೂಗೋರಂತೆ” ಎಂದೆ. “ಆ ಧೈರ್ಯದ ಮೇಲೇ ಹೋಗ್ತಿದ್ದೀನಿ” ಎಂದರು.

ದೀಪಾವಳಿಗೆ ಬಂದರು. ಅಕ್ಕನ ಮನೆಯವರೆಲ್ಲ ಶ್ರವಣಬೆಳಗೊಳಕ್ಕೆ ಹೊರಟಿದ್ದರು. ಇವರು ಬಸ್ಸಿಗೆ ಹೊತ್ತಿದೆಯೆಂದು ಬೆಂಚಿನ ಮೇಲೆ ಬಂದು ಕೂತರು. ನಾನು ತಕ್ಕಡಿ ಕೈಬಿಟ್ಟು ಏನಾಯಿತು ಎಂದು ಕೇಳಿದೆ.

“ಓದಿತು ಗೌಡ್ರೇ. ಆ ಕಚೇರಿಯವರ ಹತ್ತಿರ ಅವರು ಬರೆದ ಪ್ರೋಗ್ರಾಮುಗಳನ್ನು ಇಸಕೊಂಡು ಬಂದು ನಮ್ಮ ಯಂತ್ರಕ್ಕೆ ಕೊಟ್ಟೆವು. ಒಂದು ಬಿಟ್ಟು ಎಲ್ಲವನ್ನೂ ಓದಿತು.”

“ಆ ಒಂದು ಯಾಕೆ ಓದಲಿಲ್ಲ?”

“ಅದರಲ್ಲಿದ್ದ ಒಂದು ಮಾತು ನಮ್ಮ ಮೂಟೇಲಿ ಬರಲೇ ಇಲ್ಲ. ಕೇಳದ ಮಾತು ಹೇಗೆ ಗೊತ್ತಾಗಬೇಕು? ಆಮೇಲೆ ಸೇರಿಸಿದೆ.” ಮತ್ತೆ ಹೇಳಿದರು: “ಈಗ ಅವರು ಕೈಪಿಡೀನೂ ಕೊಟ್ಟರು. ಸಿ ಅಕ್ಷರದ ವಿಷಯ ಶುರುವಿನಲ್ಲೇ ಇದೆ.”

“ಹಂಗಾದ್ರೆ ನಾವು ಪಟ್ಟಿದ್ದೆಲ್ಲ ದಂಡ ಆಯ್ತಲ್ಲ ಸಾರ್.”

“ಇಲ್ಲ. ಕೈಪಿಡೀಲಿ ಹೇಗೆ ಬರೀಬೇಕು ಅಂತ ಇದೆ. ಹೇಗೆ ಓದಬೇಕು ಅಂತ ಎಲ್ಲೂ ಇಲ್ಲ. ಅದು ಅಕ್ಕನ ಮನೆ ಗೋಡೇಲಿ ಮಾತ್ರ ಇತ್ತು.” ಕೆಲಸ ಅವರ ಕೈಯಲ್ಲೇ ಉಳಿಯಿತು. ಜತೆಗೆ ಇಬ್ಬರನ್ನು ಕೊಟ್ಟಿದ್ದಾರೆ ಎಂದರು. ಸ್ಟೋರಿನ ಮಾತು ಯಾರೂ ಎತ್ತಲಿಲ್ಲವಂತೆ.

ಆಮೇಲೆ ವರ್ಷಕ್ಕೆ ಒಂದೆರಡು ಸಲ ಬರುತ್ತಿದ್ದರು. ಸಾಕಮ್ಮನಿಗೆ ಒಂದು ಸಲ ಕತ್ತರಿ ತಂದುಕೊಟ್ಟರು. ಅವಳು ಅದನ್ನು ಮೊಮ್ಮಗಳ ಮದುವೆಗೆ ಉಡುಗೊರೆ ಕೊಟ್ಟು ಕುಡುಗೋಲಿನಲ್ಲೇ ಸೀಳುತ್ತಿದ್ದಳು. ಆ ಯಂತ್ರ ಹೋಗಿ ಬೇರೆ ಯಂತ್ರ ಬಂತು ಎಂದು ಒಮ್ಮೆ ಹೇಳಿದರು. ದುಃಖದಿಂದ ಹೇಳಿದಂತೆ ಕಾಣಲಿಲ್ಲ. “ಹೊಸದಕ್ಕೆ ಹೊಸ ವ್ಯಾಕರಣ” ಎಂದು ಕೊಬ್ಬರಿ ಬಾಯಿಗೆ ಹಾಕಿಕೊಂಡರು.

ಒಂದು ಸಲ ಬೆಂಗಳೂರಿನ ಒಬ್ಬ ಸ್ನೇಹಿತರನ್ನು ಕರೆತಂದಿದ್ದರು. ಪ್ಯಾಂಟು, ಟೈ, ಕೈಯಲ್ಲಿ ಕ್ಯಾಮೆರಾ. ನನ್ನನ್ನು ತೋರಿಸಿ, “ಇವರು ನನ್ನ ಜತೆ ಕೆಲಸ ಮಾಡಿದವರು” ಎಂದು ಪರಿಚಯಿಸಿದರು. ಆ ಸ್ನೇಹಿತರು ಕೈಮುಗಿದು, ಮರ್ಯಾದೆಯಿಂದಲೇ, “ಯಾವ ಸೆಕ್ಷನ್ನಿನಲ್ಲಿದ್ದಿರಿ?” ಎಂದು ಕೇಳಿದರು. ನಾನು ಬಾಯಿ ತೆರೆಯುವುದರೊಳಗೆ ಇವರೇ, “ಚನ್ನರಾಯಪಟ್ಟಣ ಸೆಕ್ಷನ್” ಎಂದರು. ಮುಖದಲ್ಲಿ ಒಂಚೂರು ನಗು ಇರಲಿಲ್ಲ. ನಾನೂ ಹೌದು ಎಂದೆ.

ಸಾಕಮ್ಮ ಅವರಿಗಿಂತ ಮುಂಚೆಯೇ ಹೋದಳು. ಅವರ ಎದೆ ಕೊನೆಗೂ ಅವರನ್ನು ಬಿಡಲಿಲ್ಲ ಎಂದು ಭಾವ ಹೇಳಿದರು. ಬೆಳಿಗ್ಗೆ ಸ್ನಾನ ಮಾಡಿ ಬಂದು ಕೂತವರು ಹಾಗೆಯೇ ಒರಗಿದರಂತೆ.

ಈಗ ನನ್ನ ಹತ್ತಿರ ಚನ್ನರಾಯಪಟ್ಟಣದಲ್ಲಿ ಅಂಗಡಿ ಒಂದು, ಹೊಳೆನರಸೀಪುರದಲ್ಲಿ ಒಂದು, ಗೋದಾಮು ಒಂದು, ದಂಡಿಗನಹಳ್ಳಿ ಹತ್ತಿರ ಮೂರು ಎಕರೆ ತೆಂಗು, ಹಂಚಿನ ಮನೆ ಒಂದು, ಇಬ್ಬರು ಹೆಣ್ಣುಮಕ್ಕಳು, ಒಬ್ಬ ಮಗ. ನನ್ನ ಕೈಕೆಳಗೆ ಕೆಲಸ ಮಾಡುವವರು ಏಳು ಜನ. ನನ್ನ ಜತೆ ಕೆಲಸ ಮಾಡಿದವರು ಇಬ್ಬರಿದ್ದರು, ಈಗ ಯಾರೂ ಇಲ್ಲ.